ಪ್ಯಾರಿಸ್ಸಿನ ಪುರಭವನ: ಅದರ ಚರಿತ್ರೆ ಮತ್ತು ವಾಸ್ತು

ಪ್ಯಾರಿಸ್ ನಗರದ ನಡುಭಾಗದಲ್ಲಿ, ಸೇನ್ ನದಿಯ ಬಲದಂಡೆಯ ಮೇಲೆ, ವಿಶಾಲವಾದ ಚೌಕವೊಂದಕ್ಕೆ ಅಭಿಮುಖವಾಗಿ ‘ಒತೆಲ್ ದ ವೀಲ್’ ಎಂಬ ಭವ್ಯವಾದ ಕಟ್ಟಡವಿದೆ. ಫ್ರೆಂಚ್ ಭಾಷೆಯಲ್ಲಿ ‘ವೀಲ್’ ಎಂದರೆ ನಗರ. ‘ಒತೆಲ್’ ಎಂದರೆ ಶ್ರೀಮಂತರ ಅಥವಾ ಸಂಸ್ಥೆಯೊಂದರ ಮಹಾಗೃಹ. ಇದೇ ಮಾತು ಇಂಗ್ಲಿಷಿನ ಮೂಲಕ ನಮ್ಮಲ್ಲಿಗೆ ಬಂದು ‘ಹೋಟೆಲು’ ಆಗಿ, ಕಾಫಿ ತಿಂಡಿ ದೊರೆಯುವ ಸ್ಥಳಕ್ಕೆ ಹೆಸರಾಗಿ ನಿಂತಿರುವುದರಿಂದ ಮೊದಲೇ ಈ ಅರ್ಥಭೇದವನ್ನು ಸೂಚಿಸಬೇಕಾಯಿತು. ಪ್ರಕೃತ ಲೇಖನದಲ್ಲಿ ಈ ಕಟ್ಟಡವನ್ನು ‘ಪುರಭವನ’ವೆಂದು ಕರೆದಿದೆ. ಆದರೆ ಇದು ಬೆಂಗಳೂರಿನ ಪುರಭವನದಂತೆ ಸಭೆ ಸಮಾರಂಭಗಳಿಗೆಂದು ಕಟ್ಟಿದ ಸಭಾಂಗಣವಲ್ಲ. ನಗರದ ಆಡಳಿತವೇ ನೆಲಸಿರುವ ಸ್ಥಾನ.

ಈ ಕಟ್ಟಡದ ಚರಿತ್ರೆಯಲ್ಲಿ ವಿಚಿತ್ರವಾದ ಸಂಗತಿಯೊಂದಿದೆ. 1357ರಿಂದ ಇಂದಿನವರೆಗೂ ಪ್ಯಾರಿಸ್ಸಿನ ಪೌರಾಡಳಿತದ ಮನೆ ಇದೇ ನೆಲದ ಮೇಲೆ ನಿಂತಿದೆ. ಇಷ್ಟಾದರೂ 1794ರಿಂದ 1977ರವರೆಗಿನ 183 ವರ್ಷಗಳಲ್ಲಿ, 1848ರ ಕೆಲವು ತಿಂಗಳುಗಳನ್ನೂ 1870-71ರ ಕೆಲವು ತಿಂಗಳುಗಳನ್ನೂ ಬಿಟ್ಟರೆ, ಈ ಮನೆಗೆ ಮೇಯರನೆಂಬ ಯಜಮಾನನೇ ಇರಲಿಲ್ಲ. ಫ್ರಾನ್ಸಿನ ಅತ್ಯಂತ ಚಿಕ್ಕ ಹಳ್ಳಿಯೂ ತನ್ನ ಮೇಯರನನ್ನು ಹೊಂದಿದ್ದ ಕಾಲದಲ್ಲಿ ರಾಜಧಾನಿಗೆ ಆ ಭಾಗ್ಯವಿರಲಿಲ್ಲ. ದೇಶದಲ್ಲೆಲ್ಲ ಅತ್ಯಂತ ವೈಭವದ ಪುರಭವನವನ್ನು ಕಟ್ಟಿದ ನಗರವೇ ಪೌರಸ್ವಾತಂತ್ರ್ಯದಿಂದ ಅತಿ ದೀರ್ಘಕಾಲ ವಂಚಿತವಾದುದು ಹೇಗೆ? ಈ ಪ್ರಶ್ನೆಯನ್ನು ಮುಂದಿಟ್ಟುಕೊಂಡು ಕಟ್ಟಡದ ಚರಿತ್ರೆಯನ್ನೂ ವಾಸ್ತುವನ್ನೂ ಒಟ್ಟಿಗೆ ಪರಿಶೀಲಿಸುವುದು ಈ ಲೇಖನದ ಉದ್ದೇಶ.

1. ನದಿಯ ವರ್ತಕರು

ಪ್ಯಾರಿಸ್ಸಿನ ಪೌರಾಡಳಿತವು ನದಿಯ ವ್ಯಾಪಾರದಿಂದ ಹುಟ್ಟಿತು. ಹನ್ನೆರಡನೆಯ ಶತಮಾನದಲ್ಲಿ ಸೇನ್ ನದಿಯ ಮೇಲೆ ದೋಣಿಗಳಲ್ಲಿ ಸರಕು ಸಾಗಿಸುತ್ತಿದ್ದ ವರ್ತಕರದೊಂದು ಶ್ರೇಣಿ ಇದ್ದಿತು; ಅವರನ್ನು ‘ನೀರಿನ ವರ್ತಕರು’ ಎಂದು ಕರೆಯುತ್ತಿದ್ದರು. ಏಳನೆಯ ಲೂಯಿ ದೊರೆಯು 1170ರ ಸುಮಾರಿನಲ್ಲಿ ಇವರ ಹಕ್ಕುಗಳನ್ನು ಸನ್ನದಿನ ಮೂಲಕ ಸ್ಥಿರಪಡಿಸಿದನು. ಮಾಂತ್ ಎಂಬ ಊರಿನ ಸೇತುವೆಯಿಂದ ಪ್ಯಾರಿಸ್ಸಿನ ಸೇತುವೆಗಳವರೆಗೆ ನದಿಯ ಮೇಲೆ ಸರಕು ತರಬೇಕೆಂದಿರುವ ಪರಸ್ಥಳದವನು ಪ್ಯಾರಿಸ್ಸಿನ ವರ್ತಕನೊಬ್ಬನನ್ನು ಪಾಲುದಾರನನ್ನಾಗಿ ಸೇರಿಸಿಕೊಳ್ಳಲೇಬೇಕಾಗಿದ್ದಿತು. ಈ ಶ್ರೇಣಿಯ ಮುದ್ರೆಯಲ್ಲಿದ್ದ ದೋಣಿಯೇ ಮುಂದೆ ನಗರದ ಲಾಂಛನವಾಯಿತು. ಅಲೆಗಳಿಗೆ ಸಿಕ್ಕಿ ಓಲಾಡಿದರೂ ಮುಳುಗದು ಎಂಬರ್ಥದ ಲ್ಯಾಟಿನ್ ಧ್ಯೇಯವಾಕ್ಯವು ಆ ಲಾಂಛನಕ್ಕೆ ಅಧಿಕೃತವಾಗಿ ಸೇರಿದ್ದು 1853ರಲ್ಲಿ.

ಹದಿಮೂರನೆಯ ಶತಮಾನದ ಮಧ್ಯಭಾಗದ ಹೊತ್ತಿಗೆ ಈ ಶ್ರೇಣಿಯ ಮುಖ್ಯಸ್ಥನು ನಗರದ ಮುಖ್ಯಸ್ಥನೂ ಆಗಿದ್ದನು. ಅವನಿಗೆ ‘ವರ್ತಕರ ಪ್ರೆವೋ’ ಎಂದು ಹೆಸರು, ನಾವು ವರ್ತಕಾಧ್ಯಕ್ಷನೆನ್ನಬಹುದು. ಇವನ ಜೊತೆಗೆ ನಗರದಲ್ಲಿ ಇನ್ನೊಬ್ಬ ಪ್ರೆವೋ ಇದ್ದನು. ಅವನು ದೊರೆಯ ಅಧಿಕಾರಿ. ಶಾಂತಿಪಾಲನೆ, ನ್ಯಾಯವಿಚಾರಣೆಗಳು ಅವನ ವಶದಲ್ಲಿದ್ದುವು. ಹೀಗೆ ಒಂದೇ ನಗರದಲ್ಲಿ ಪೌರರ ಅಧಿಕಾರಿಯೊಬ್ಬ, ಪ್ರಭುತ್ವದ ಅಧಿಕಾರಿಯೊಬ್ಬ ಎಂಬ ದ್ವಂದ್ವವು ಆರಂಭದಲ್ಲಿಯೇ ಕಾಣಿಸಿಕೊಂಡಿತು. ಪುರಭವನದ ಮುಂದಿನ ಕಥೆಯೆಲ್ಲ ಈ ದ್ವಂದ್ವದ ಕಥೆಯೇ ಎಂದರೆ ತಪ್ಪಾಗಲಾರದು.

1357ರ ಜುಲೈ ತಿಂಗಳಿನಲ್ಲಿ ಎತಿಯೆನ್ ಮಾರ್ಸೆಲ್ ಎಂಬ ವರ್ತಕಾಧ್ಯಕ್ಷನು ಗ್ರೇವ್ ಚೌಕದಲ್ಲಿದ್ದ ಮನೆಯೊಂದನ್ನು ನಗರದ ಹೆಸರಿನಲ್ಲಿ ಕೊಂಡುಕೊಂಡನು. ಮುಂಭಾಗದ ಮೇಲಂತಸ್ತು ಕಂಬಗಳ ಸಾಲಿನ ಮೇಲೆ ನಿಂತಿದ್ದುದರಿಂದ ಅದಕ್ಕೆ ‘ಕಂಬಗಳ ಮನೆ’ ಎಂಬ ಹೆಸರಿದ್ದಿತು. ‘ಗ್ರೇವ್’ ಎಂದರೆ ಮರಳು ಗರಸುಗಳ ನದೀತೀರ. ಧಾನ್ಯ, ಮದ್ಯ, ಸೌದೆ, ಹುಲ್ಲು ತುಂಬಿದ ದೋಣಿಗಳು ಅಲ್ಲಿ ಬಂದು ತಂಗುತ್ತಿದ್ದುವು. ಕೂಲಿಯನ್ನರಸುವವರು ಬೆಳಗಿನಲ್ಲಿ ಆ ಚೌಕದಲ್ಲಿ ಕಾದು ನಿಲ್ಲುತ್ತಿದ್ದರು. ಕೆಲಸವಿಲ್ಲದೆ ಗ್ರೇವಿನಲ್ಲಿ ನಿಲ್ಲುವುದೆಂಬ ಮಾತು ಕಾಲಕ್ರಮದಲ್ಲಿ ಅರ್ಥಾಂತರ ಹೊಂದಿ, ಇಂದು ಫ್ರೆಂಚಿನಲ್ಲಿ ‘ಗ್ರೇವ್’ ಎಂದರೆ ಮುಷ್ಕರವೆಂದೇ ಅರ್ಥವಾಗಿದೆ. ಮರಣದಂಡನೆಗಳು ನಡೆಯುತ್ತಿದ್ದುದೂ ಈ ಚೌಕದಲ್ಲಿಯೇ. ನಾಲ್ಕನೆಯ ಹೆನ್ರಿ ದೊರೆಯನ್ನು ಕೊಂದ ರಾವೆಯ್ಯಾಕನನ್ನು 1610ರಲ್ಲಿ ಇಲ್ಲಿ ವಧಿಸಿದರು. 1792ರ ಏಪ್ರಿಲಿನಲ್ಲಿ ಗಿಲೊಟಿನ್ ಯಂತ್ರವು ಮೊಟ್ಟಮೊದಲು ಬಳಕೆಗೆ ಬಂದದ್ದೂ ಇಲ್ಲಿಯೇ. ವ್ಯಾಪಾರ, ದುಡಿಮೆ, ದಂಡನೆ ಮೂರೂ ಕೂಡುತ್ತಿದ್ದ ಬಯಲಿನ ಅಂಚಿನಲ್ಲಿ ಪೌರರ ಮನೆಯು ನೆಲೆಗೊಂಡಿತು.

ಮಾರ್ಸೆಲನು ಬಟ್ಟೆಯ ವರ್ತಕ. ದೊರೆಯು ಇಂಗ್ಲಿಷರಲ್ಲಿ ಸೆರೆಯಾಗಿದ್ದ ಸಂದರ್ಭದಲ್ಲಿ ಇವನು ರಾಜ್ಯದ ಪ್ರತಿನಿಧಿಸಭೆಯ ಮುಂದಾಳಾಗಿ, ತೆರಿಗೆಯ ಮೇಲೆ ಪ್ರಜೆಗಳ ಹತೋಟಿಯಿರಬೇಕೆಂದು ಯುವರಾಜನನ್ನು ಎದುರಿಸಿದನು. 1358ರ ಜುಲೈ 31ರಂದು ಪ್ಯಾರಿಸ್ಸಿಗರೇ ಅವನನ್ನು ಕೊಂದರು. ಅವನು ಕೊಂಡ ಮನೆ ಮಾತ್ರ ನಗರಕ್ಕೆ ಉಳಿಯಿತು. ಆದರೆ ಆ ಮನೆಯ ಅಧಿಕಾರವು ಉಳಿದೇ ಇರುವುದೆಂಬ ಭರವಸೆಯಿರಲಿಲ್ಲ. 1382ರ ತೆರಿಗೆಯ ದಂಗೆಯ ತರುವಾಯ, 1383ರಲ್ಲಿ ಆರನೆಯ ಚಾರ್ಲ್ಸ್ ದೊರೆಯು ವರ್ತಕಾಧ್ಯಕ್ಷನ ಪದವಿಯನ್ನೇ ತೆಗೆದುಹಾಕಿದನು. ಅದು ಮರಳಿ ದೊರೆತದ್ದು 1412ರಲ್ಲಿ. ಮನೆಯಿದ್ದು ಯಜಮಾನನಿಲ್ಲದ ಸ್ಥಿತಿಯನ್ನು ಪ್ಯಾರಿಸ್ ಆಗಲೇ ಒಮ್ಮೆ ಅನುಭವಿಸಿತ್ತು.

2. ದೊರೆಯ ಇಚ್ಛೆ, ನಗರದ ಮನೆ

ಕಂಬಗಳ ಮನೆಯು ಹಳತಾಗಿ, ಬೆಳೆಯುತ್ತಿದ್ದ ನಗರಕ್ಕೆ ಸಾಲದಾಯಿತು. ಆ ಹೊತ್ತಿಗೆ ಮೊದಲನೆಯ ಫ್ರಾಂಸ್ವಾ ದೊರೆಯು ತಾನು ಹೆಚ್ಚಾಗಿ ಪ್ಯಾರಿಸ್ಸಿನಲ್ಲಿಯೂ ಅದರ ಸುತ್ತಮುತ್ತಲೂ ವಾಸಿಸುವುದಾಗಿ 1528ರಲ್ಲಿ ಪ್ರಕಟಿಸಿದ್ದನು. ರಾಜಧಾನಿಯ ಪುರಭವನವು ರಾಜಧಾನಿಗೆ ಒಪ್ಪುವಂತಿರಬೇಕೆಂಬುದು ಅವನ ಇಷ್ಟ. ಹೊಸ ಕಟ್ಟಡದ ಮೊದಲ ಕಲ್ಲನ್ನು 1533ರ ಜುಲೈ 15ರಂದು ಇಟ್ಟರು. ಯೋಜನೆಯನ್ನು ರಚಿಸಿದವನು ಇಟಲಿಯ ದೊಮೆನಿಕೊ ದ ಕೊರ್ತೋನ. ‘ಬೊಕ್ಕಾದೋರ್’, ಎಂದರೆ ಚಿನ್ನದ ಬಾಯಿಯವನು, ಎಂಬ ಅಡ್ಡಹೆಸರಿನಿಂದ ಇವನು ಪ್ರಸಿದ್ಧನಾಗಿದ್ದಾನೆ. ಎಂಟನೆಯ ಚಾರ್ಲ್ಸನು ಇಟಲಿಯ ದಂಡಯಾತ್ರೆಯಿಂದ ಹಿಂದಿರುಗಿದಾಗ ಅವನೊಡನೆ ಫ್ರಾನ್ಸಿಗೆ ಬಂದ ಕುಶಲಿಗಳಲ್ಲಿ ಇವನೊಬ್ಬ. ಶಾಂಬೋರ್ ಅರಮನೆಗಾಗಿ ಮರದ ಮಾದರಿಯೊಂದನ್ನು ಮಾಡಿದವನೂ ಇವನೇ. ಕಲ್ಲುಕೆಲಸದ ಮೇಲ್ವಿಚಾರಣೆಯು ಪ್ಯೇರ್ ಶಾಂಬೀಜ್ ಎಂಬ ಫ್ರೆಂಚ್ ಶಿಲ್ಪಿಯ ಕೈಯಲ್ಲಿದ್ದಿತು.

ಇಟಲಿಯ ಕಲ್ಪನೆ ಮತ್ತು ಫ್ರಾನ್ಸಿನ ಕಟ್ಟಡದ ಪದ್ಧತಿ ಇವೆರಡರ ಸಮಾಗಮವು ಈ ಕಟ್ಟಡದ ಮುಂಭಾಗದಲ್ಲಿ ಸ್ಪಷ್ಟವಾಗಿದ್ದಿತು. ಕೆಳಗಿನ ಅಂತಸ್ತಿನಲ್ಲಿ ಕಂಬಗಳ ನಡುವೆ ಕಮಾನುಗಳು. ಅದರ ಮೇಲೆ ಕಲ್ಲಿನ ಅಡ್ಡಪಟ್ಟಿ ನಿಲುವುಪಟ್ಟಿಗಳಿಂದ ವಿಭಾಗಿಸಿದ ದೊಡ್ಡ ಕಿಟಕಿಗಳು. ಕಿಟಕಿ ಕಿಟಕಿಯ ನಡುವೆ ವಿಗ್ರಹಗಳಿಗಾಗಿ ಗೂಡುಗಳು. ಸಾಲುಗಳೆಲ್ಲ ಸಮವಾಗಿ, ಅಳತೆಯಿಂದ ಕೂಡಿ, ಪ್ರಾಚೀನ ರೋಮಿನ ವಾಸ್ತುವನ್ನು ಅಭ್ಯಾಸಮಾಡಿದ ಕೈಯನ್ನು ತೋರಿಸುತ್ತಿದ್ದುವು. ಆದರೆ ದೃಷ್ಟಿಯನ್ನು ಮೇಲಕ್ಕೆತ್ತಿದರೆ ಇಟಲಿಯು ಮರೆಯಾಗುತ್ತಿದ್ದಿತು. ಕಡಿದಾಗಿ ಏರುವ ಕರಿಯ ಕಲ್ಲುಹಲಗೆಯ ಮಾಡು, ಮಾಡಿನಿಂದ ಹೊರಚಾಚಿದ ಅಲಂಕೃತ ಕಿಟಕಿಗಳು, ಎತ್ತರದ ಹೊಗೆಗೂಡುಗಳು, ನಡುವೆ ಗಡಿಯಾರದ ಗೋಪುರ, ಇವೆಲ್ಲ ಲ್ವಾರ್ ನದಿಯ ಕಣಿವೆಯ ಅರಮನೆಗಳ ಲಕ್ಷಣಗಳು. ನಡುವಣ ತಗ್ಗಿನ ಭಾಗವನ್ನು ಎರಡು ಕಡೆಗಳಲ್ಲಿ ಎತ್ತರದ ಮಂಟಪಗಳು ಹಿಡಿದು ನಿಲ್ಲಿಸಿದ್ದುವು. ಒಂದು ಮಂಟಪದ ಕೆಳಗೆ ಕಮಾನಿನ ಮೂಲಕ ಬೀದಿಯೊಂದು ಹಾದುಹೋಗುತ್ತಿದ್ದಿತು. ನಗರವು ತನ್ನ ಮನೆಯನ್ನು ಬೀದಿಯಿಂದ ಬೇರ್ಪಡಿಸಿಕೊಂಡಿರಲಿಲ್ಲ.

ಕೆಲಸ ಮುಗಿಯುವುದಕ್ಕೆ ತೊಂಬತ್ತೈದು ವರ್ಷಗಳು ಹಿಡಿದುವು. ಹಣದ ಕೊರತೆಯೂ ಮತಯುದ್ಧಗಳೂ ಸೇರಿ ಹದಿನಾರನೆಯ ಶತಮಾನದ ಉತ್ತರಾರ್ಧದಲ್ಲಿ ಕಟ್ಟಡವು ಅರ್ಧಕ್ಕೆ ನಿಂತಿತು. ನಾಲ್ಕನೆಯ ಹೆನ್ರಿಯ ಕಾಲದಲ್ಲಿ, ವರ್ತಕಾಧ್ಯಕ್ಷನಾಗಿದ್ದ ಫ್ರಾಂಸ್ವಾ ಮಿರೋನನ ಆಸಕ್ತಿಯಿಂದ ಕೆಲಸವು ಮತ್ತೆ ಪ್ರಾರಂಭವಾಯಿತು. 1628ರಲ್ಲಿ, ಹದಿಮೂರನೆಯ ಲೂಯಿಯ ಆಳ್ವಿಕೆಯಲ್ಲಿ, ಪೂರ್ಣವಾಯಿತು. ಮಹಾದ್ವಾರದ ಮೇಲೆ ಕುದುರೆಯೇರಿದ ಹೆನ್ರಿಯ ಉಬ್ಬುಶಿಲ್ಪವನ್ನು ಪ್ಯೇರ್ ಬಿಯಾರ್ ಎಂಬ ಶಿಲ್ಪಿ ಕೆತ್ತಿದನು. ಪೌರರ ಮನೆಯ ಬಾಗಿಲಿನ ಮೇಲೆ ದೊರೆಯು ನೆಲಸಿದ್ದನ್ನು ವಾಚಕರು ಗಮನಿಸಬೇಕು.

ಒಳಗಿನ ಅಂಗಳದ ಕಥೆಯು ಇದಕ್ಕಿಂತ ಮಾರ್ಮಿಕವಾದುದು. ಹದಿನಾಲ್ಕನೆಯ ಲೂಯಿಯ ಬಾಲ್ಯದಲ್ಲಿ ‘ಫ್ರೋಂದ್’ ಎಂಬ ಅಂತಃಕಲಹವು ನಡೆದಾಗ, 1652ರ ಜುಲೈ 4ರಂದು ಗುಂಪೊಂದು ಪುರಭವನದ ಬಾಗಿಲಿಗೆ ಬೆಂಕಿಯಿಟ್ಟು ಒಳಗೆ ಸೇರಿದ್ದ ಗಣ್ಯರಲ್ಲಿ ಹಲವರನ್ನು ಕೊಂದಿತು. ಕಲಹವು ಅಡಗಿದ ಮೇಲೆ, ದಂಗೆಯನ್ನು ಕಾಲಡಿಯಲ್ಲಿ ಮೆಟ್ಟಿ ನಿಂತ ಬಾಲದೊರೆಯ ಅಮೃತಶಿಲೆಯ ಪ್ರತಿಮೆಯನ್ನು ಪುರಭವನದ ಅಂಗಳದಲ್ಲಿ ನಿಲ್ಲಿಸಿದರು. ಅದನ್ನು ಕೆತ್ತಿದವನು ಜೀಲ್ ಗೆರಾಂ. ನಗರವು ತನ್ನ ಅಪರಾಧದ ಸ್ಮಾರಕವನ್ನು ತನ್ನ ಅಂಗಳದಲ್ಲಿಯೇ ದಿನವೂ ನೋಡಬೇಕಾಯಿತು. 1687ರಲ್ಲಿ ದೊರೆಯು ಪುರಭವನಕ್ಕೆ ಭೇಟಿಯಿತ್ತಾಗ, ಹಳೆಯದನ್ನು ನೆನಪಿಗೆ ತರುವ ಆ ಪ್ರತಿಮೆಯನ್ನು ತೆಗೆಯಿಸಿದನು. ಅದರ ಸ್ಥಳದಲ್ಲಿ ಕ್ವಾಜ್‌ವೋ ಎರಕಹೊಯ್ದ ಲೂಯಿಯ ಕಂಚಿನ ಪ್ರತಿಮೆ ನಿಂತಿತು. ಅದು ಈಗ ಕಾರ್ನವಾಲೆ ವಸ್ತುಸಂಗ್ರಹಾಲಯದಲ್ಲಿದೆ. ಕ್ಷಮೆಯೂ ದೊರೆಯದೇ, ಪ್ರತಿಮೆಯೂ ದೊರೆಯದೇ.

3. ಕ್ರಾಂತಿ: ಮೇಯರನು ಬಂದು ಹೋದದ್ದು

1789ರ ಜುಲೈ 14ರಂದು ಬಾಸ್ತೀಯ್ ದುರ್ಗವು ಬಿದ್ದ ದಿನ, ಕೊನೆಯ ವರ್ತಕಾಧ್ಯಕ್ಷನಾದ ಫ್ಲೆಸ್ಸೆಲನು ಪುರಭವನದಿಂದ ಹೊರಬರುತ್ತಿದ್ದಂತೆಯೇ ಜನರ ರೋಷಕ್ಕೆ ಬಲಿಯಾದನು. ಮಾರನೆಯ ದಿನ ಖಗೋಳಶಾಸ್ತ್ರಜ್ಞನಾದ ಜಾನ್ ಸಿಲ್ವಾಂ ಬಾಯೀ ಎಂಬಾತನು ಪ್ಯಾರಿಸ್ಸಿನ ಮೊದಲ ಮೇಯರನಾದನು. ಜುಲೈ 17ರಂದು ಹದಿನಾರನೆಯ ಲೂಯಿ ದೊರೆಯು ವರ್ಸಾಯಿನಿಂದ ಪುರಭವನಕ್ಕೆ ಬಂದು, ಹೊಸ ಬಣ್ಣಗಳ ಪದಕವನ್ನು ಮೇಯರನ ಕೈಯಿಂದ ಸ್ವೀಕರಿಸಿದನು. ಅಂದಿನವರೆಗೆ ನಗರವು ದೊರೆಯನ್ನು ತನ್ನ ಬಾಗಿಲಲ್ಲಿಯೂ ಅಂಗಳದಲ್ಲಿಯೂ ನಿಲ್ಲಿಸಿಕೊಂಡಿದ್ದಿತು. ಅಂದು ದೊರೆಯೇ ನಗರದ ಬಾಗಿಲಿಗೆ ಬಂದು ನಿಂತನು.

ಅದೇ ವರ್ಷದ ಡಿಸೆಂಬರ್ 14ರ ಶಾಸನವು ಫ್ರಾನ್ಸಿನ ಊರು ಕೇರಿಗಳಿಗೆಲ್ಲ ಒಂದೇ ತೆರನಾದ ಚುನಾಯಿತ ಪೌರಾಡಳಿತವನ್ನು ಕೊಟ್ಟಿತು. ಆದರೆ ಪ್ಯಾರಿಸ್ಸಿನ ಪೌರಾಡಳಿತವು ಊರಿನ ದೀಪ ನೀರುಗಳ ವ್ಯವಸ್ಥೆಗೆ ಸೀಮಿತವಾಗಿ ಉಳಿಯಲಿಲ್ಲ. 1792ರ ಆಗಸ್ಟ್ 10ರಂದು ಪುರಭವನವನ್ನು ವಶಪಡಿಸಿಕೊಂಡ ದಂಗೆಯ ಕಮ್ಯೂನು ರಾಜತ್ವವನ್ನೇ ಉರುಳಿಸಿತು. ಎರಡು ವರ್ಷಗಳ ಅನಂತರ, 1794ರ ಜುಲೈ 27ರ ರಾತ್ರಿ, ರಾಷ್ಟ್ರೀಯ ಸಭೆಯಿಂದ ಬಹಿಷ್ಕೃತನಾದ ರೋಬ್‌ಸ್ಪಿಯರನು ಆಶ್ರಯವನ್ನರಸಿ ಬಂದದ್ದು ಇಲ್ಲಿಗೇ. ಸಭೆಯ ಸೈನಿಕರು ನುಗ್ಗಿದಾಗ ಗುಂಡೇಟಿನಿಂದ ದವಡೆ ಒಡೆದು, ರಕ್ತಸಿಕ್ತನಾಗಿ ಅವನು ಸೆರೆಯಾದನು. ಅವನ ಪಕ್ಷದವನಾಗಿದ್ದ ಮೇಯರನೂ ಅವನೊಡನೆ ಮರಣದಂಡನೆಗೆ ಗುರಿಯಾದನು. ಅಲ್ಲಿಗೆ ಮೇಯರನ ಪದವಿಯೂ ಕೊನೆಗಂಡಿತು.

ನಗರವನ್ನು ಒಡೆದು ಆಳುವುದೇ ಕ್ಷೇಮವೆಂದು ಬಗೆದು, 1795ರಲ್ಲಿ ಪ್ಯಾರಿಸ್ಸನ್ನು ಹನ್ನೆರಡು ಪೌರಸಂಸ್ಥೆಗಳಾಗಿ ವಿಭಾಗಿಸಿದರು. ನೆಪೋಲಿಯನ್ನನು 1800ರಲ್ಲಿ ಅದರ ಮೇಲೆ ಪ್ರಭುತ್ವದ ಇಬ್ಬರು ಅಧಿಕಾರಿಗಳನ್ನು ನೇಮಿಸಿದನು. ಸಾಮಾನ್ಯ ಆಡಳಿತಕ್ಕೆ ಸೇನ್ ಜಿಲ್ಲೆಯ ಪ್ರಿಫೆಕ್ಟ್, ಶಾಂತಿರಕ್ಷಣೆಗೆ ಪೊಲೀಸ್ ಪ್ರಿಫೆಕ್ಟ್. ಕೆಲವು ವರ್ಷಗಳಲ್ಲಿ ಮೊದಲನೆಯವನು ಪುರಭವನದಲ್ಲಿಯೇ ನೆಲಸಿದನು. ಮಧ್ಯಯುಗದ ಇಬ್ಬರು ಪ್ರೆವೋಗಳಲ್ಲಿ ದೊರೆಯ ಕಡೆಯವನು ಈಗ ಎರಡು ರೂಪಗಳಲ್ಲಿ ಮರಳಿದನು; ಪೌರರ ಕಡೆಯವನು ಇಲ್ಲವಾದನು.

4. ಸರ್ಕಾರಗಳು ಹುಟ್ಟುವ ಮನೆ

ಹತ್ತೊಂಬತ್ತನೆಯ ಶತಮಾನದಲ್ಲಿ ಪುರಭವನಕ್ಕೆ ಕಾನೂನು ಕೊಡದೆ ಹೋದ ಮಹತ್ವವನ್ನು ಜನತೆ ಕೊಟ್ಟಿತು. 1830ರ ಜುಲೈ 31ರಂದು ವೃದ್ಧನಾದ ಲಾಫಯೆತನು ಪುರಭವನದ ಗವಾಕ್ಷದಲ್ಲಿ ಲೂಯಿ ಫಿಲಿಪನನ್ನು ಆಲಿಂಗಿಸಿ ಜನರಿಗೆ ತೋರಿಸಿದನು. ಹೊಸ ದೊರೆತನವು ಹುಟ್ಟಿತು. 1848ರ ಫೆಬ್ರವರಿಯಲ್ಲಿ ಆ ದೊರೆಯು ಓಡಿಹೋದಾಗ ಎರಡನೆಯ ಗಣರಾಜ್ಯದ ತಾತ್ಕಾಲಿಕ ಸರ್ಕಾರವು ಕುಳಿತದ್ದು ಇಲ್ಲಿಯೇ. ಕೆಂಪು ಧ್ವಜವನ್ನು ಕೇಳಿದ ಗುಂಪಿನೆದುರು ಕವಿ ಲಾಮಾರ್ತೀನನು ತ್ರಿವರ್ಣ ಧ್ವಜದ ಪಕ್ಷವನ್ನು ವಹಿಸಿ ಮಾತನಾಡಿದ್ದೂ ಇಲ್ಲಿಯೇ. 1870ರ ಸೆಪ್ಟೆಂಬರ್ 4ರಂದು ಗಾಂಬೆತ್ತಾ ಮತ್ತು ಅವನ ಸಂಗಡಿಗರು ಗಣರಾಜ್ಯವನ್ನು ಮತ್ತೊಮ್ಮೆ ಘೋಷಿಸಿದ್ದೂ ಇಲ್ಲಿಯೇ. ಕ್ರಾಂತಿಯು ಯಾವ ಬೀದಿಯಲ್ಲಿ ಹುಟ್ಟಿದರೂ ಅದು ಪುರಭವನವನ್ನು ಮುಟ್ಟದೆ ಸಿಂಧುವಾಗುತ್ತಿರಲಿಲ್ಲ.

ಇದರ ಪರಿಣಾಮವು ಸ್ವಭಾವತಃ ವಿಪರೀತವಾಯಿತು. ಹೀಗೆ ಹುಟ್ಟಿದ ಪ್ರತಿಯೊಂದು ಸರ್ಕಾರವೂ ತಾನು ಹುಟ್ಟಿದ ಮನೆಗೆ ಹೆದರಿತು. ಒಮ್ಮೆ ರಾಷ್ಟ್ರವನ್ನೇ ಬದಲಾಯಿಸಿದ ಗವಾಕ್ಷದಲ್ಲಿ ಚುನಾಯಿತ ಮೇಯರನೊಬ್ಬನು ನಿಂತರೆ ಏನಾದೀತು ಎಂಬ ಭಯವೇ ಪ್ಯಾರಿಸ್ಸಿನ ಮೇಯರನ ಸ್ಥಾನವನ್ನು ಬರಿದಾಗಿಟ್ಟಿತು. ಈ ಭಯಕ್ಕೆ ಕಲ್ಲಿನ ಸಾಕ್ಷ್ಯವೂ ಇದೆ. ಎರಡನೆಯ ಸಾಮ್ರಾಜ್ಯದ ಕಾಲದಲ್ಲಿ ಪುರಭವನದ ಬೆನ್ನಿಗೇ ಸೈನ್ಯದ ದೊಡ್ಡ ಬ್ಯಾರಕ್ಕುಗಳನ್ನು ಕಟ್ಟಿ, ಅಲ್ಲಿಂದ ಪುರಭವನಕ್ಕೆ ನೆಲದಡಿಯ ಸುರಂಗಮಾರ್ಗವನ್ನು ಮಾಡಿದರು. 1870ರ ಅಕ್ಟೋಬರ್ 31ರಂದು ಕ್ರಾಂತಿಕಾರರು ಪುರಭವನದಲ್ಲಿ ಸರ್ಕಾರದ ಸದಸ್ಯರನ್ನು ತಡೆಹಿಡಿದಾಗ, ಸೈನಿಕರು ಒಳಹೊಕ್ಕದ್ದು ಈ ಸುರಂಗದಿಂದಲೇ.

ಮನೆಯ ಅಧಿಕಾರವು ಕುಗ್ಗಿದಂತೆ ಮನೆಯ ಗಾತ್ರವು ಬೆಳೆಯಿತು. ಪ್ರಿಫೆಕ್ಟ್ ರಾಂಬ್ಯುತೋ ಎಂಬಾತನ ಕಾಲದಲ್ಲಿ, 1837ರಿಂದ 1846ರವರೆಗೆ, ಗೋದ್ ಮತ್ತು ಲೆಸ್ಯೂರ್ ಎಂಬ ವಾಸ್ತುಶಿಲ್ಪಿಗಳು ಬೊಕ್ಕಾದೋರನ ಮುಂಭಾಗವನ್ನು ನಡುವೆ ಉಳಿಸಿಕೊಂಡು, ಅದರ ಎರಡು ಪಕ್ಕಗಳಲ್ಲಿಯೂ ಹಿಂದೆಯೂ ಅದೇ ಶೈಲಿಯ ಭಾಗಗಳನ್ನು ಸೇರಿಸಿ ಕಟ್ಟಡವನ್ನು ಹಲವು ಪಟ್ಟು ಹಿಗ್ಗಿಸಿದರು. ಒಳಗೆ ಶಾಂತಿಮಂದಿರದ ಮೇಲ್ಛಾವಣಿಯನ್ನು ದೆಲಾಕ್ರ್ವಾನೂ, ಚಕ್ರವರ್ತಿಯ ಮಂದಿರದ ಮೇಲ್ಛಾವಣಿಯನ್ನು ಆಂಗ್ರನೂ ಚಿತ್ರಿಸಿದರು. ಪ್ಯಾರಿಸ್ಸಿನ ಬೀದಿಗಳನ್ನು ಹೊಸದಾಗಿ ಕೊರೆದ ಪ್ರಸಿದ್ಧ ಪ್ರಿಫೆಕ್ಟ್ ಓಸ್ಮಾನನು 1853ರಿಂದ 1870ರವರೆಗೆ ಇಲ್ಲಿದ್ದುಕೊಂಡೇ ನಗರವನ್ನಾಳಿದನು.

5. 1871ರ ಮೇ 24

1871ರ ಮಾರ್ಚ್ 28ರಂದು ಪ್ಯಾರಿಸ್ ಕಮ್ಯೂನನ್ನು ಪುರಭವನದ ಚೌಕದಲ್ಲಿ ಘೋಷಿಸಲಾಯಿತು. ಎರಡು ತಿಂಗಳ ತರುವಾಯ ವರ್ಸಾಯಿಯ ಸೈನ್ಯವು ನಗರವನ್ನು ಹೊಕ್ಕು ಬೀದಿ ಬೀದಿಯನ್ನು ರಕ್ತದಲ್ಲಿ ತೊಯ್ಯಿಸುತ್ತ ಬಂದಿತು. ಮೇ 24ರಂದು ಹಿಮ್ಮೆಟ್ಟುತ್ತಿದ್ದ ಕಮ್ಯೂನಿನ ಕಡೆಯವರು ಪುರಭವನಕ್ಕೆ ಬೆಂಕಿಯಿಟ್ಟರು. ಬೊಕ್ಕಾದೋರನ ಕಟ್ಟಡವು ಗೋಡೆಗಳ ಎಲುಬುಗೂಡಾಗಿ ಉಳಿಯಿತು. ಆಂಗ್ರ್ ಮತ್ತು ದೆಲಾಕ್ರ್ವಾರ ಚಿತ್ರಗಳೂ ನಗರದ ಗ್ರಂಥಾಲಯವೂ ನಾಶವಾದುವು.

ಆದರೆ ಇತಿಹಾಸದ ವಿದ್ಯಾರ್ಥಿಗೆ ಇವೆಲ್ಲಕ್ಕಿಂತ ದೊಡ್ಡದಾಗಿ ಕಾಣುವ ನಷ್ಟ ಬೇರೊಂದಿದೆ. ಹದಿನಾರನೆಯ ಶತಮಾನದಿಂದ 1859ರವರೆಗೆ ಪ್ಯಾರಿಸ್ಸಿನಲ್ಲಿ ನಡೆದ ಜನನ, ವಿವಾಹ, ಮರಣಗಳ ದಾಖಲೆಗಳು ಅಗ್ನಿಗೆ ಆಹುತಿಯಾದುವು. ಇಂಥ ದಾಖಲೆಗಳನ್ನು ಮುಂಜಾಗ್ರತೆಯಿಂದ ಎರಡು ಪ್ರತಿಗಳಾಗಿ ಬರೆದು, ಒಂದನ್ನು ಪುರಭವನದ ಅಂಗಕಟ್ಟಡದಲ್ಲಿಯೂ ಇನ್ನೊಂದನ್ನು ನದಿಯ ನಡುಗಡ್ಡೆಯ ಮೇಲಿನ ನ್ಯಾಯಾಲಯದ ಭವನದಲ್ಲಿಯೂ ಇಟ್ಟಿದ್ದರು. ಒಂದೇ ದಿನ ಎರಡು ಕಟ್ಟಡಗಳೂ ಉರಿದುವು. ಸುಮಾರು 80 ಲಕ್ಷ ದಾಖಲೆಗಳು ಹೀಗೆ ಇಲ್ಲವಾದುವು. ಹುಟ್ಟಿದ್ದಕ್ಕೆ, ಮದುವೆಯಾದದ್ದಕ್ಕೆ, ತಂದೆಯ ಆಸ್ತಿಗೆ ವಾರಸುದಾರನೆಂಬುದಕ್ಕೆ ಲಕ್ಷಾಂತರ ಪೌರರ ಬಳಿ ಸರ್ಕಾರಿ ಆಧಾರವಿಲ್ಲದಾಯಿತು. 1872ರ ಫೆಬ್ರವರಿ 12ರ ಶಾಸನದ ಮೇರೆಗೆ, ಮನೆಗಳಲ್ಲಿದ್ದ ಹಳೆಯ ನಕಲುಗಳು, ಇಗರ್ಜಿಯ ಪುಸ್ತಕಗಳು, ದಸ್ತಾವೇಜು ಬರೆಯುವವರ ಕಡತಗಳು ಮುಂತಾದುವುಗಳಿಂದ ದಾಖಲೆಗಳನ್ನು ಪುನಃ ರಚಿಸುವ ಕೆಲಸವು ಹಲವು ವರ್ಷ ನಡೆಯಿತು. ಮೂರರಲ್ಲಿ ಒಂದು ಪಾಲನ್ನು ಮಾತ್ರ ಮರಳಿ ಪಡೆಯಲು ಸಾಧ್ಯವಾಯಿತು. ಜೂಲ್ ಕೂಜಾಂ ಎಂಬ ಗ್ರಂಥಪಾಲನು ತನ್ನ ಸ್ವಂತ ಪುಸ್ತಕಗಳನ್ನೆಲ್ಲ ನಗರಕ್ಕೆ ದಾನಮಾಡಿ ಹೊಸ ಗ್ರಂಥಾಲಯಕ್ಕೆ ಬೀಜವಿಟ್ಟನು. ಪುರಭವನವೆಂದರೆ ಗವಾಕ್ಷವೂ ಧ್ವಜವೂ ಮಾತ್ರವಲ್ಲ, ಸಾಮಾನ್ಯ ಮನುಷ್ಯನ ಹೆಸರನ್ನು ಕಾಪಾಡುವ ಉಗ್ರಾಣವೂ ಹೌದೆಂಬುದು ಅದು ಉರಿದ ಮೇಲೆ ಎಲ್ಲರಿಗೂ ತಿಳಿಯಿತು.

6. ಪುನರ್ನಿರ್ಮಾಣ

ಹೊಸ ಕಟ್ಟಡಕ್ಕಾಗಿ ವಾಸ್ತುಶಿಲ್ಪಿಗಳಲ್ಲಿ ಸ್ಪರ್ಧೆಯನ್ನೇರ್ಪಡಿಸಿದರು. ತೆಯೊದೋರ್ ಬಾಲ್ಯು ಮತ್ತು ಎದುವಾರ್ ದೆಪೆರ್ತ್ ಅದರಲ್ಲಿ ಗೆದ್ದರು. 1874ರಲ್ಲಿ ಪ್ರಾರಂಭವಾದ ನಿರ್ಮಾಣವು ಎಂಟು ವರ್ಷಗಳಲ್ಲಿ ಬಹುಮಟ್ಟಿಗೆ ಮುಗಿದು, 1882ರ ಜುಲೈ 13ರಂದು ಅಧ್ಯಕ್ಷ ಜೂಲ್ ಗ್ರೇವಿಯಿಂದ ಕಟ್ಟಡದ ಪ್ರಾರಂಭೋತ್ಸವ ನಡೆಯಿತು. ಇಂದು ಕಾಣುವುದು ಈ ಕಟ್ಟಡವೇ. ಸುಟ್ಟ ಗೋಡೆಗಳನ್ನು ಕೆಡವಿ ಹೊಸದಾಗಿ ಕಟ್ಟಿದ ಇದರ ನಡುಭಾಗದಲ್ಲಿ ಬೊಕ್ಕಾದೋರನ ಮುಂಭಾಗದ ರೂಪವನ್ನೇ ಅನುಸರಿಸಿದ್ದಾರೆ. ಕಮಾನುಗಳು, ಗೂಡುಗಳು, ಕಡಿದಾದ ಮಾಡು, ಗಡಿಯಾರದ ಗೋಪುರ ಎಲ್ಲವೂ ಮರಳಿ ಬಂದುವು. ಪಕ್ಕದ ಭಾಗಗಳು ಮಾತ್ರ ಹತ್ತೊಂಬತ್ತನೆಯ ಶತಮಾನದ ಧೋರಣೆಯವು. ಅವುಗಳಲ್ಲಿ ಅಲಂಕಾರವು ಹೆಚ್ಚು, ಎತ್ತರವೂ ಹೆಚ್ಚು. ಹದಿನಾರನೆಯ ಶತಮಾನದ ಮುಖ, ಹತ್ತೊಂಬತ್ತನೆಯ ಶತಮಾನದ ದೇಹ ಎಂದು ಇದನ್ನು ಸಂಗ್ರಹವಾಗಿ ಹೇಳಬಹುದು.

ಹೊಸ ಕಾಲದ ವಾಸ್ತುವನ್ನು ಬಿಟ್ಟು ಹಳೆಯ ರೂಪವನ್ನೇ ಏಕೆ ಆರಿಸಿದರು? ಬೆಂಕಿಯ ನೆನಪನ್ನು ಅಳಿಸಿ ಏನೂ ಆಗಿಲ್ಲವೆಂದು ತೋರಿಸುವ ಇಚ್ಛೆ ಅದರಲ್ಲಿದ್ದಿರಬಹುದು. ಆದರೆ ಕಟ್ಟಡದ ಶಿಲ್ಪಗಳನ್ನು ಪರಿಶೀಲಿಸಿದರೆ ಇನ್ನೊಂದು ಉದ್ದೇಶವೂ ಕಂಡುಬರುತ್ತದೆ. ಹೊರಮುಖಗಳ ಗೂಡುಗಳಲ್ಲಿ ಪ್ಯಾರಿಸ್ಸಿನ ಹೆಸರುವಾಸಿಯಾದ ಲೇಖಕರು, ಕಲಾವಿದರು, ವಿಜ್ಞಾನಿಗಳು, ಪೌರಾಧಿಕಾರಿಗಳು, ಹೀಗೆ ನೂರಕ್ಕೂ ಹೆಚ್ಚು ಮಂದಿಯ ವಿಗ್ರಹಗಳನ್ನು ನಿಲ್ಲಿಸಿದ್ದಾರೆ. ನಾಟಕಕಾರ ಮೊಲಿಯೇರನು ಅವರಲ್ಲೊಬ್ಬ. ಗಣಿತಜ್ಞ ದಾಲಾಂಬೇರನ ವಿಗ್ರಹವನ್ನು ಕೆತ್ತಿದವನು ರೋದಾಂ. ಹಳೆಯ ಕಟ್ಟಡದಲ್ಲಿ ಬಾಗಿಲಿನ ಮೇಲೆ ದೊರೆಯಿದ್ದನು. ಹೊಸದರಲ್ಲಿ ಪೌರರೇ ಗೋಡೆಯ ತುಂಬ ನಿಂತರು. ಮುಖ್ಯ ಪ್ರವೇಶದ ಎರಡು ಬದಿಗಳಲ್ಲಿ ಕಲೆ ಮತ್ತು ವಿಜ್ಞಾನಗಳ ಕಂಚಿನ ಮೂರ್ತಿಗಳಿವೆ. ನದಿಯ ಕಡೆಯ ಉದ್ಯಾನದಲ್ಲಿ, 1358ರಲ್ಲಿ ಕೊಲೆಯಾದ ಎತಿಯೆನ್ ಮಾರ್ಸೆಲನು 1888ರಿಂದ ಕುದುರೆಯ ಮೇಲೆ ಕುಳಿತಿದ್ದಾನೆ. ದೊರೆಗಳಿಗೆ ಮೀಸಲಾಗಿದ್ದ ಅಶ್ವಾರೂಢ ಪ್ರತಿಮೆಯ ಗೌರವವು ಬಟ್ಟೆಯ ವರ್ತಕನೊಬ್ಬನಿಗೆ ಸಂದುದು ಅರ್ಥಗರ್ಭಿತವಾದುದು.

ಒಳಭಾಗದಲ್ಲಿಯೂ ಇದೇ ಧ್ವನಿಯಿದೆ. ಸುಮಾರು 50 ಮೀಟರು ಉದ್ದದ ಉತ್ಸವಮಂದಿರವು ವರ್ಸಾಯಿ ಅರಮನೆಯ ದರ್ಪಣಶಾಲೆಯನ್ನು ನೆನಪಿಗೆ ತರುತ್ತದೆ. ಪ್ಯುವಿ ದ ಶಾವಾನನು ಬೇಸಗೆ ಮತ್ತು ಚಳಿಗಾಲಗಳನ್ನು ಕುರಿತು ರಚಿಸಿದ ವಿಶಾಲವಾದ ಚಿತ್ರಗಳು, ಚಿನ್ನದ ಮೆರುಗಿನ ನಡುವೆ ಕಣ್ಣಿಗೆ ವಿಶ್ರಾಂತಿಯನ್ನೀಯುವಂತಿವೆ. ಇನ್ನೊಂದು ಮಂದಿರದಲ್ಲಿ ಜಾನ್ ಪೋಲ್ ಲೊರಾಂಸನು ಪ್ಯಾರಿಸ್ಸಿನ ಪೌರಸ್ವಾತಂತ್ರ್ಯದ ಚರಿತ್ರೆಯನ್ನೇ ವಸ್ತುವನ್ನಾಗಿ ಮಾಡಿಕೊಂಡು ಚಿತ್ರಗಳನ್ನು ಬರೆದಿದ್ದಾನೆ. 1789ರ ಜುಲೈ 17ರಂದು ಖಡ್ಗಗಳ ಕಮಾನಿನಡಿಯಲ್ಲಿ ಪುರಭವನವನ್ನು ಪ್ರವೇಶಿಸುವ ದೊರೆಯ ಚಿತ್ರವು ಅವುಗಳಲ್ಲಿ ಪ್ರಸಿದ್ಧವಾದುದು.

7. ಕಲ್ಲು ಹೇಳಿದ್ದು, ಕಾನೂನು ಹೇಳದ್ದು

ಇನ್ನು ಕಾನೂನಿನ ಕಡೆಗೆ ತಿರುಗೋಣ. ಪುರಭವನವು ಉದ್ಘಾಟನೆಯಾದ 1882ರಲ್ಲಿಯೇ, ಮಾರ್ಚ್ 28ರಂದು ಹೊರಟ ಶಾಸನವು ಫ್ರಾನ್ಸಿನ ಪೌರಸಭೆಗಳಿಗೆಲ್ಲ ತಮ್ಮ ಮೇಯರರನ್ನು ತಾವೇ ಚುನಾಯಿಸಿಕೊಳ್ಳುವ ಹಕ್ಕನ್ನಿತ್ತಿತು; ಪ್ಯಾರಿಸ್ಸನ್ನು ಮಾತ್ರ ಹೊರಗಿಟ್ಟಿತು. 1884ರ ಏಪ್ರಿಲ್ 5ರ ಮಹಾಶಾಸನವು ಈ ವ್ಯವಸ್ಥೆಯನ್ನು ಸ್ಥಿರಗೊಳಿಸಿದುದಲ್ಲದೆ, ಪುರಭವನದ ವೆಚ್ಚವನ್ನು ಪ್ರತಿಯೊಂದು ಊರಿಗೂ ಕಡ್ಡಾಯಗೊಳಿಸಿತು. ಸುಮಾರು 36,000 ಊರುಗಳಲ್ಲಿ, ಅನೇಕ ಕಡೆ ಶಾಲೆಯೊಂದಿಗೆ ಒಂದೇ ಮಾಡಿನ ಕೆಳಗೆ, ಊರಿನ ಮೇಯರನು ಕುಳಿತನು. ಪ್ಯಾರಿಸ್ಸಿನಲ್ಲಿ 1871ರ ಶಾಸನದಂತೆ 80 ಮಂದಿ ಚುನಾಯಿತ ಸದಸ್ಯರ ಸಭೆಯಿದ್ದರೂ, ಅದರ ನಿರ್ಣಯಗಳನ್ನು ಕಾರ್ಯಗತಗೊಳಿಸುವವರು ಸರ್ಕಾರವು ನೇಮಿಸಿದ ಪ್ರಿಫೆಕ್ಟರು. ಪ್ಯುವಿ ದ ಶಾವಾನನ ಇನ್ನೊಂದು ಚಿತ್ರದಲ್ಲಿ ವಿಕ್ಟರ್ ಹ್ಯೂಗೋ ತನ್ನ ವೀಣೆಯನ್ನು ಪ್ಯಾರಿಸ್ಸಿಗೆ ಅರ್ಪಿಸುತ್ತಿದ್ದಾನೆ. ಆ ಚಿತ್ರವಿರುವುದು ಪ್ರಿಫೆಕ್ಟನ ಸೋಪಾನದ ಮೇಲ್ಛಾವಣಿಯಲ್ಲಿ. ಗೋಡೆಯ ಮೇಲೆ ಸ್ವಾತಂತ್ರ್ಯದ ಚಿತ್ರ, ಮೆಟ್ಟಿಲ ಮೇಲೆ ಪ್ರಿಫೆಕ್ಟನ ಹೆಜ್ಜೆ. ಕಾನೂನಿನಿಂದ ದೊರೆಯದುದನ್ನು ನಗರವು ಕಲ್ಲಿನಲ್ಲಿಯೂ ವರ್ಣದಲ್ಲಿಯೂ ಬರೆದಿಟ್ಟುಕೊಂಡಿತು.

ಎರಡನೆಯ ಮಹಾಯುದ್ಧದಲ್ಲಿ ಪುರಭವನವು ಮತ್ತೆ ತನ್ನ ಹಳೆಯ ಪಾತ್ರವನ್ನು ವಹಿಸಿತು. 1944ರ ಆಗಸ್ಟ್ 20ರಂದು ಪ್ರತಿರೋಧದವರು ಅದನ್ನು ವಶಪಡಿಸಿಕೊಂಡರು. 24ರ ರಾತ್ರಿ ಕ್ಯಾಪ್ಟನ್ ದ್ರೋನನ ಸಣ್ಣ ದಳವು, ಅದರಲ್ಲಿದ್ದ ಅನೇಕ ಸ್ಪ್ಯಾನಿಷ್ ಗಣರಾಜ್ಯವಾದಿಗಳೊಡನೆ, ಚೌಕವನ್ನು ತಲಪಿತು. ಮಾರನೆಯ ದಿನ ದ ಗೋಲ್ ಬಂದಾಗ, 1848 ಮತ್ತು 1870ರಲ್ಲಿ ಮಾಡಿದಂತೆ ಗವಾಕ್ಷದಿಂದ ಗಣರಾಜ್ಯವನ್ನು ಘೋಷಿಸಬೇಕೆಂದು ಅವರನ್ನು ಕೇಳಿಕೊಂಡರು. ಅವರು ಒಪ್ಪಲಿಲ್ಲ. ಗಣರಾಜ್ಯವು ಎಂದೂ ಅಳಿದಿಲ್ಲವಾದ್ದರಿಂದ ಹೊಸದಾಗಿ ಘೋಷಿಸುವ ಅಗತ್ಯವಿಲ್ಲವೆಂಬುದು ಅವರ ನಿಲುವು. ಈ ಉತ್ತರದಲ್ಲಿ ಒಂದು ಯುಗವು ಮುಗಿದುದನ್ನು ಕಾಣಬಹುದು: ರಾಷ್ಟ್ರದ ಸರ್ಕಾರವು ತನ್ನ ಹುಟ್ಟಿಗಾಗಿ ನಗರದ ಮನೆಯನ್ನು ಆಶ್ರಯಿಸುವ ಕಾಲವು ಮುಗಿಯಿತು.

ಆ ಮೇಲೂ ಮೇಯರನು ಬರುವುದಕ್ಕೆ ಮೂವತ್ತಮೂರು ವರ್ಷಗಳು ಬೇಕಾದುವು. 1975ರ ಡಿಸೆಂಬರ್ 31ರ ಶಾಸನವು ಪ್ಯಾರಿಸ್ಸಿಗೆ ಮೇಯರನ ಪದವಿಯನ್ನು ಮರಳಿಸಿತು. 1977ರಲ್ಲಿ ಜಾಕ್ ಶಿರಾಕ್ ಚುನಾಯಿತರಾದರು. ಇವರು ಅಂದಿನ ಅಧ್ಯಕ್ಷ ಜಿಸ್ಕಾರ್ ದೆಸ್ತೇಂ ಅವರ ಪ್ರತಿಸ್ಪರ್ಧಿ. ಅಧ್ಯಕ್ಷರ ಕಡೆಯ ಅಭ್ಯರ್ಥಿಯು ಸೋತಿದ್ದನು. ಶಿರಾಕ್ ಹದಿನೆಂಟು ವರ್ಷ ಮೇಯರರಾಗಿದ್ದು, 1995ರಲ್ಲಿ ಪುರಭವನದಿಂದ ನೇರವಾಗಿ ಅಧ್ಯಕ್ಷ ಪದವಿಗೇರಿದರು. ಪ್ಯಾರಿಸ್ಸಿನ ಮೇಯರನು ರಾಷ್ಟ್ರದ ಅಧಿಪತಿಗೆ ಎದುರಾಳಿಯಾದಾನೆಂಬ ಹಳೆಯ ಭಯವು ನಿರಾಧಾರವಾಗಿರಲಿಲ್ಲವೆಂದು ಇದರಿಂದ ಸಿದ್ಧವಾಯಿತು. ಆದರೆ ಆ ಸ್ಪರ್ಧೆಯು ಫಿರಂಗಿಯಿಂದಲ್ಲದೆ ಮತಪತ್ರದಿಂದ ತೀರ್ಮಾನವಾಯಿತು. ಯಾವ ಕಾಗದವೂ ಸುಟ್ಟುಹೋಗಲಿಲ್ಲ. ಶಾಂತಿರಕ್ಷಣೆಯ ಅಧಿಕಾರ ಮಾತ್ರ ಬಹುಪಾಲು ಪೊಲೀಸ್ ಪ್ರಿಫೆಕ್ಟನಲ್ಲಿಯೇ ಉಳಿಯಿತು. 2017ರ ಶಾಸನವು ಅದರಲ್ಲಿ ಕೆಲವಂಶಗಳನ್ನು ಮೇಯರನಿಗೆ ವರ್ಗಾಯಿಸಿತು. ಹದಿಮೂರನೆಯ ಶತಮಾನದ ಇಬ್ಬರು ಪ್ರೆವೋಗಳ ನೆರಳು ಇನ್ನೂ ಪೂರ್ಣವಾಗಿ ಸರಿದಿಲ್ಲ.

ಮೇಲಿನ ವಿವೇಚನೆಯಿಂದ ಹೊರಡುವ ನಿರ್ಣಯವಿಷ್ಟು. ಸಾರ್ವಜನಿಕ ಕಟ್ಟಡವನ್ನು ಅಭ್ಯಾಸಮಾಡುವವನು ಅದರ ಶೈಲಿ, ಅಳತೆ, ಅಲಂಕಾರಗಳನ್ನು ವರ್ಣಿಸಿದರೆ ಸಾಲದು. ಆ ಕಟ್ಟಡದಲ್ಲಿ ಯಾರು ಕುಳಿತಿದ್ದರು, ಯಾರಿಗೆ ಕುಳಿತುಕೊಳ್ಳುವ ಹಕ್ಕಿರಲಿಲ್ಲ, ಅದರ ಕಪಾಟುಗಳಲ್ಲಿ ಯಾರ ಹೆಸರುಗಳಿದ್ದುವು ಎಂಬುದನ್ನೂ ಕೇಳಬೇಕು. ಕಟ್ಟಡದ ವೈಭವವು ಅಧಿಕಾರದ ಸಾಕ್ಷಿಯೆಂದು ಭಾವಿಸುವುದು ವಾಡಿಕೆ. ಪ್ಯಾರಿಸ್ಸಿನ ಪುರಭವನದ ಮಟ್ಟಿಗೆ ಅದು ಬಹುಕಾಲ ಅಧಿಕಾರದ ಕೊರತೆಯ ಸಾಕ್ಷಿಯಾಗಿದ್ದಿತು. ಎತಿಯೆನ್ ಮಾರ್ಸೆಲನು ಕೊಂಡ ನೆಲದ ಮೇಲೆ ಅವನ ಉತ್ತರಾಧಿಕಾರಿಯು ಸ್ಥಿರವಾಗಿ ಕುಳಿತದ್ದು ಅವನು ಆ ಮನೆಯನ್ನು ಕೊಂಡ 620 ವರ್ಷಗಳ ಮೇಲೆ.